ಚಿಲಿಯ ದಿನಚರಿ ಬರೆದ ಪಾತ್ರಿಸಿಯೊ ಗುಸ್ಮಾನ್

ರಾಜ್ಯೋತ್ಸವದ ಸಂಚಿಕೆಗೆ ಚರಿತ್ರೆಯ ವಿಷಯವಾಗಿ ಏನಾದರೂ ಬರೆದುಕೊಡಿರೆಂದು ನಮ್ಮ ಸಂಘದ ಕಾರ್ಯದರ್ಶಿಗಳು ಕೇಳಿದಾಗ, ನಾವು ಬಾದಾಮಿಯ ಚಾಲುಕ್ಯರನ್ನೋ ಕಿತ್ತೂರಿನ ಚೆನ್ನಮ್ಮನನ್ನೋ ಕುರಿತು ನಾಲ್ಕು ಪುಟ ಬರೆದೇವೆಂದು ಅವರು ಎಣಿಸಿದ್ದಿರಬೇಕು. ಆ ವಿಷಯಗಳನ್ನು ಬಲ್ಲವರು ನಮ್ಮ ಸಂಘದಲ್ಲಿಯೇ ಬೇಕಾದಷ್ಟು ಮಂದಿ ಇದ್ದಾರೆ. ಹಗಲೆಲ್ಲ ಬ್ಯಾಂಕಿನ ಕೌಂಟರಿನ ಹಿಂದೆ ಕುಳಿತು ಪರರ ಹಣದ ಲೆಕ್ಕ ಬರೆಯುವ ನಾವು ಅವರ ಸಮಕ್ಕೆ ನಿಲ್ಲಲಾರೆವು. ಆದುದರಿಂದ ಬಹುದೂರದ ಒಂದು ದೇಶದ, ಬಹುಶಃ ಈ ಸಂಚಿಕೆಯ ಓದುಗರಲ್ಲಿ ಹೆಚ್ಚಿನವರು ಹೆಸರು ಕೇಳಿರದ ಒಬ್ಬ ಚಿತ್ರನಿರ್ಮಾಪಕರ ವಿಷಯವನ್ನು ಎತ್ತಿಕೊಂಡಿದ್ದೇವೆ. ಊರು ಬಿಟ್ಟು ಬಂದವರ ಪತ್ರಿಕೆಯಲ್ಲಿ ಊರು ಬಿಡಬೇಕಾಗಿ ಬಂದವರ ಕಥೆಗೆ ಜಾಗವಿಲ್ಲವೆಂದು ಯಾರೂ ಅನ್ನಲಾರರು. ನಾವಾದರೋ ಹೊಟ್ಟೆಪಾಡಿಗೆ ಬಂದವರು. ಬೇಕೆಂದಾಗ ರೈಲು ಹತ್ತಿ ಹೋಗಬಹುದಾದವರು. ಅವರದು ಹಾಗಲ್ಲ.

ಸಾಕ್ಷ್ಯಚಿತ್ರವೆಂದೊಡನೆ ನಮ್ಮ ಹಿರಿಯರಿಗೆ ನೆನಪಾಗುವುದು ಟಾಕೀಸಿನಲ್ಲಿ ಮುಖ್ಯ ಚಿತ್ರಕ್ಕೆ ಮುಂಚೆ ತೋರಿಸುತ್ತಿದ್ದ ಸರಕಾರದ ವಾರ್ತಾಚಿತ್ರ. ಅಣೆಕಟ್ಟು, ಬರಗಾಲ, ಮಂತ್ರಿಗಳ ಪ್ರವಾಸ, ಇವೆಲ್ಲ ಮುಗಿಯುವಷ್ಟರಲ್ಲಿ ಶೇಂಗಾದ ಪೊಟ್ಟಣವೂ ಮುಗಿಯುತ್ತಿತ್ತೆಂದು ನಮ್ಮ ತಂದೆಯವರು ಹೇಳುತ್ತಿದ್ದರು. ನಮಗೂ ಅಂಥದೇ ಭಾವನೆಯಿತ್ತು. ಕೆಲವು ವರ್ಷಗಳ ಹಿಂದೆ ಗೆಳೆಯರೊಬ್ಬರ ಬಲವಂತಕ್ಕೆ ಮುಂಬಯಿಯ ಚಿತ್ರಸಮಾಜವೊಂದರ ಪ್ರದರ್ಶನಕ್ಕೆ ಹೋಗಿ, ಮೂರು ಭಾನುವಾರ ಒಂದೇ ಚಿತ್ರದ ಮೂರು ಭಾಗಗಳನ್ನು ನೋಡಿ ಬಂದ ಮೇಲೆ ಅದು ಹೋಯಿತು. ಆ ಚಿತ್ರದ ಹೆಸರು 'ಚಿಲಿಯ ಸಮರ'. ಅದರ ನಿರ್ಮಾಪಕರೇ ಪಾತ್ರಿಸಿಯೊ ಗುಸ್ಮಾನ್.

ಗುಸ್ಮಾನ್ ಅವರು ಹುಟ್ಟಿದ್ದು ೧೯೪೧ರ ಆಗಸ್ಟ್ ೧೧ರಂದು, ಚಿಲಿಯ ರಾಜಧಾನಿ ಸಾಂತಿಯಾಗೊದಲ್ಲಿ. ಭೂಪಟದಲ್ಲಿ ದಕ್ಷಿಣ ಅಮೆರಿಕದ ಪಶ್ಚಿಮದ ಅಂಚಿಗೆ ದಾರ ಹಿಡಿದಂತೆ ಕಾಣುವ ದೇಶವದು. ಒಂದು ಕಡೆ ಶಾಂತಸಾಗರ, ಇನ್ನೊಂದು ಕಡೆ ಆಂಡಿಸ್ ಪರ್ವತ, ಉತ್ತರಕ್ಕೆ ಮರುಭೂಮಿ, ದಕ್ಷಿಣಕ್ಕೆ ಹಿಮ. ಸಿನಿಮಾ ವಿದ್ಯೆಯನ್ನು ಕಲಿಯಲು ಸ್ಪೇನಿನ ಮಾದ್ರಿದಿಗೆ ಹೋಗಿದ್ದ ಗುಸ್ಮಾನ್ ೧೯೭೧ರಲ್ಲಿ ತಾಯ್ನಾಡಿಗೆ ಮರಳಿದರು. ಕಥಾಚಿತ್ರಗಳನ್ನು ತೆಗೆಯಬೇಕೆಂಬುದು ಅವರ ಆಗಿನ ಆಸೆ. ಊರಿಗೆ ಬಂದು ನೋಡಿದರೆ, ಕಟ್ಟುಕಥೆಗಿಂತ ಹೆಚ್ಚಿನದು ಬೀದಿಯಲ್ಲಿಯೇ ನಡೆಯುತ್ತಿತ್ತು.

೧೯೭೦ರ ಸೆಪ್ಟೆಂಬರದ ಚುನಾವಣೆಯಲ್ಲಿ ಸಾಲ್ವದೋರ್ ಅಲೆಂಡೆ ಎಂಬ ವೈದ್ಯರು ರಾಷ್ಟ್ರಾಧ್ಯಕ್ಷರಾಗಿ ಆರಿಸಿ ಬಂದಿದ್ದರು. ಅವರಿಗೆ ಸಿಕ್ಕಿದ ಮತ ನೂರಕ್ಕೆ ೩೬ ಚಿಲ್ಲರೆ ಮಾತ್ರ. ಮೂವರು ಸ್ಪರ್ಧಿಗಳಲ್ಲಿ ಅದೇ ಹೆಚ್ಚು. ಬಂದೂಕು ಹಿಡಿಯದೆ, ಸಂವಿಧಾನದ ಚೌಕಟ್ಟಿನಲ್ಲಿಯೇ ಸಮಾಜವಾದವನ್ನು ತರುತ್ತೇನೆಂದು ಅವರು ಹೊರಟರು. ೧೯೭೧ರ ಜುಲೈನಲ್ಲಿ ತಾಮ್ರದ ದೊಡ್ಡ ಗಣಿಗಳು ರಾಷ್ಟ್ರದ ಸ್ವತ್ತಾದವು. ಸಂಸತ್ತಿನಲ್ಲಿ ವಿರೋಧಪಕ್ಷಗಳೂ ಅದಕ್ಕೆ ಮತ ಕೊಟ್ಟವು. ಸರಕಾರವು ಶೇರುಗಳನ್ನು ಕೊಳ್ಳುತ್ತ ಹೋದುದರಿಂದ ಬ್ಯಾಂಕುಗಳೂ ಒಂದೊಂದಾಗಿ ಅದರ ಕೈಸೇರಿದವು. (ನಮ್ಮಲ್ಲಿ ೧೪ ಬ್ಯಾಂಕುಗಳ ರಾಷ್ಟ್ರೀಕರಣವಾದದ್ದು ೧೯೬೯ರ ಜುಲೈ ೧೯ರಂದು. ಅವುಗಳಲ್ಲಿ ಮಂಗಳೂರಿನಲ್ಲಿ ಹುಟ್ಟಿದ ಕೆನರಾ ಬ್ಯಾಂಕೂ ಉಡುಪಿಯಲ್ಲಿ ಹುಟ್ಟಿದ ಸಿಂಡಿಕೇಟ್ ಬ್ಯಾಂಕೂ ಇದ್ದವು. ನಮ್ಮಲ್ಲಿ ಅದು ಒಂದು ಸುಗ್ರೀವಾಜ್ಞೆಯಿಂದ ರಾತ್ರೋರಾತ್ರಿ ಆಗಿಹೋಯಿತು. ಬೆಳಗಾದ ಮೇಲೆ ಗುಮಾಸ್ತರು ಎಂದಿನಂತೆ ಕೆಲಸಕ್ಕೆ ಹೋದರು. ಚಿಲಿಯಲ್ಲಿ ಅಷ್ಟು ಸುಲಭವಾಗಲಿಲ್ಲ.)

ಅಲೆಂಡೆಯವರ ಮೊದಲ ಹನ್ನೆರಡು ತಿಂಗಳುಗಳನ್ನು ಗುಸ್ಮಾನ್ 'ಮೊದಲ ವರ್ಷ' ಎಂಬ ಚಿತ್ರವನ್ನಾಗಿ ತೆಗೆದರು. ೧೯೭೨ರಲ್ಲಿ ಒಂದು ದಿನ ಅವರ ಮನೆಯ ಬಾಗಿಲು ತಟ್ಟಿದ ಸದ್ದಾಯಿತು. ತೆರೆದರೆ ತೀರ ಸಣಕಲಾದ ಒಬ್ಬ ಪರದೇಶಿ. ಫ್ರಾನ್ಸಿನ ಹೆಸರಾಂತ ಚಿತ್ರನಿರ್ಮಾಪಕ ಕ್ರಿಸ್ ಮಾರ್ಕರ್. ತಾನೂ ಚಿಲಿಯನ್ನು ಕುರಿತು ಚಿತ್ರ ತೆಗೆಯಬೇಕೆಂದು ಬಂದಿದ್ದಾಗಿಯೂ, ನೀವು ಆಗಲೇ ಅದನ್ನು ಮಾಡಿರುವುದರಿಂದ ನಿಮ್ಮದನ್ನೇ ಕೊಂಡು ಫ್ರಾನ್ಸಿನಲ್ಲಿ ತೋರಿಸುವೆನೆಂದೂ ಆತ ಹೇಳಿದರಂತೆ. ತಾನು ಮಾಡಬೇಕೆಂದುಕೊಂಡ ಕೆಲಸವನ್ನು ಇನ್ನೊಬ್ಬ ಮಾಡಿದ್ದಾನೆಂದು ತಿಳಿದು ಸಂತೋಷಪಡುವವರು ಯಾವ ವೃತ್ತಿಯಲ್ಲಿಯೂ ವಿರಳವೆಂಬುದನ್ನು ಬಲ್ಲ ನಮಗೆ ಈ ಪ್ರಸಂಗ ಬಹಳ ಹಿಡಿಸಿತು.

೧೯೭೨ರ ಅಕ್ಟೋಬರದಲ್ಲಿ ಲಾರಿ ಮಾಲಿಕರು ಮುಷ್ಕರ ಹೂಡಿ ದೇಶದ ಸಾಮಾನು ಸಾಗಣೆಯನ್ನೇ ನಿಲ್ಲಿಸಿಬಿಟ್ಟರು. ಅಂಗಡಿಗಳ ಮುಂದೆ ಸಾಲುಗಳು ಬೆಳೆದವು. ಹಣದ ಬೆಲೆ ತಿಂಗಳಿಂದ ತಿಂಗಳಿಗೆ ಕುಸಿಯಿತು. ವಿರೋಧಪಕ್ಷಗಳಿಗೂ ಒಂದು ದೊಡ್ಡ ದಿನಪತ್ರಿಕೆಗೂ ಅಮೆರಿಕದ ಗುಪ್ತಚರ ಸಂಸ್ಥೆಯಿಂದ ಹಣ ಹರಿಯುತ್ತಿದ್ದುದನ್ನು ಮುಂದೆ ೧೯೭೫ರಲ್ಲಿ ಅಮೆರಿಕದ ಸೆನೆಟ್ಟಿನ ಸಮಿತಿಯೇ ವರದಿ ಮಾಡಿತು. ಏನೋ ದೊಡ್ಡದು ಒದಗಲಿದೆಯೆಂಬುದು ಎಲ್ಲರಿಗೂ ಗೊತ್ತಿತ್ತು. ಅದನ್ನು ನಡೆಯುತ್ತಿರುವಾಗಲೇ ಬರೆದಿಡಬೇಕೆಂದು ಗುಸ್ಮಾನ್ ನಿಶ್ಚಯಿಸಿದರು. ಆದರೆ ಫಿಲ್ಮು ಇರಲಿಲ್ಲ. ಆರ್ಥಿಕ ದಿಗ್ಬಂಧನದಲ್ಲಿ ಸಿಕ್ಕಿದ ದೇಶಕ್ಕೆ ಫಿಲ್ಮು ಎಲ್ಲಿಂದ ಬರಬೇಕು? ಅವರು ಮಾರ್ಕರ್ ಅವರಿಗೆ ಒಂದು ಕಾಗದ ಬರೆದರು. ಕೈಲಾದುದನ್ನು ಮಾಡುವೆನೆಂದು ತಂತಿ ಬಂತು. ಸ್ವಲ್ಪ ದಿನಗಳಲ್ಲಿ ಕೊಡಕ್ ಕಂಪನಿಯಿಂದ ಪೆಟ್ಟಿಗೆಯೂ ಬಂತು. ಅದರಲ್ಲಿ ೪೩,೦೦೦ ಅಡಿ ೧೬ ಮಿಲಿಮೀಟರ್ ಫಿಲ್ಮು, ಮತ್ತು ಧ್ವನಿ ಹಿಡಿಯಲು ೧೩೪ ಟೇಪು.

ಲೆಕ್ಕದವರಾದ ನಮಗೆ ಇಲ್ಲಿ ಸುಮ್ಮನೆ ಮುಂದೆ ಸಾಗಲು ಮನಸ್ಸಿಲ್ಲ. ೧೬ ಮಿಲಿಮೀಟರ್ ಫಿಲ್ಮು ನಿಮಿಷಕ್ಕೆ ೩೬ ಅಡಿಯಂತೆ ಓಡುತ್ತದೆ. ೪೩,೦೦೦ ಅಡಿಯೆಂದರೆ ೧,೧೯೪ ನಿಮಿಷ. ಇಪ್ಪತ್ತು ಗಂಟೆಗೆ ಆರು ನಿಮಿಷ ಕಡಮೆ. ಚಿತ್ರೀಕರಣ ನಡೆದದ್ದು ೧೯೭೩ರ ಫೆಬ್ರವರಿಯಿಂದ ಸೆಪ್ಟೆಂಬರದವರೆಗೆ, ಸುಮಾರು ೨೦೦ ದಿನ. ದಿನಕ್ಕೆ ಆರೇ ನಿಮಿಷವಾಯಿತು. ಈಗ ನಮ್ಮ ಮನೆಯ ಮಕ್ಕಳು ಒಂದು ಹುಟ್ಟುಹಬ್ಬದ ಸಂಜೆಗೆ ಮೊಬೈಲಿನಲ್ಲಿ ಇದಕ್ಕಿಂತ ಹೆಚ್ಚು ಚಿತ್ರ ತೆಗೆಯುತ್ತಾರೆ. ಒಂದು ದೇಶದ ಹಣೆಬರಹ ಬದಲಾಗುತ್ತಿರುವಾಗ ದಿನಕ್ಕೆ ಆರು ನಿಮಿಷದಲ್ಲಿ ಯಾವುದನ್ನು ಹಿಡಿಯಬೇಕು, ಯಾವುದನ್ನು ಬಿಡಬೇಕು? ತಿಂಗಳ ಸಂಬಳವನ್ನು ಎಣಿಸಿ ಮೂವತ್ತು ದಿನ ತಳ್ಳುವ ಗೃಹಿಣಿಯರಿಗೆ ಈ ಕಷ್ಟ ನಮಗಿಂತ ಚೆನ್ನಾಗಿ ಅರ್ಥವಾದೀತು.

ತಂಡ ಸಣ್ಣದು. ಛಾಯಾಗ್ರಹಣಕ್ಕೆ ಹೋರ್ಹೆ ಮ್ಯುಲರ್ ಎಂಬ ತರುಣ, ಧ್ವನಿಗೆ ಬರ್ನಾರ್ದೊ ಮೆನ್ಸ್, ವ್ಯವಸ್ಥೆಗೆ ಫೆದೆರಿಕೊ ಎಲ್ತೋನ್, ನಿರ್ದೇಶನದಲ್ಲಿ ನೆರವಿಗೆ ಹೊಸೆ ಬಾರ್ತೊಲೊಮೆ ಎಂಬ ಸ್ಪೇನಿನವರು. ಕೋಣೆಯ ಗೋಡೆಯ ಮೇಲೆ ಅವರು ಒಂದು ದೊಡ್ಡ ಪಟ್ಟಿ ಬರೆದುಕೊಂಡಿದ್ದರು. ದೇಶದಲ್ಲಿ ಹೋರಾಟ ನಡೆದಿರುವ ರಂಗಗಳು ಯಾವುವು, ಅವುಗಳಲ್ಲಿ ಯಾವುದು ಚಿತ್ರವಾಯಿತು, ಯಾವುದು ಉಳಿಯಿತು ಎಂದು ಅದರಲ್ಲಿ ಗುರುತು ಹಾಕುತ್ತ ಹೋಗುವುದು. ಮೆರವಣಿಗೆ ಕಂಡಲ್ಲೆಲ್ಲ ಓಡಿಹೋಗಿ ಫಿಲ್ಮು ಸುಡುವವರ ರೀತಿಯಲ್ಲ ಅದು. ಸಂಜೆ ಬಾಕಿ ತಾಳೆ ಹಾಕಿ ಮನೆಗೆ ಹೋಗುವವರ ರೀತಿ.

ಅವರು ಹಿಡಿದಿಟ್ಟುದರಲ್ಲಿ ಕೆಲವನ್ನಾದರೂ ಹೇಳದೆ ಗತ್ಯಂತರವಿಲ್ಲ. ೧೯೭೩ರ ಮಾರ್ಚಿನ ಸಂಸತ್ತಿನ ಚುನಾವಣೆಯ ಮುನ್ನಾದಿನಗಳಲ್ಲಿ ಮೈಕು ಹಿಡಿದು ಬೀದಿಬೀದಿಯಲ್ಲಿ ಯಾರಿಗೆ ಮತ ಹಾಕುವಿರೆಂದು ಕೇಳುತ್ತ ಹೋಗುತ್ತಾರೆ. ವಿರೋಧಪಕ್ಷದ ಕಡೆಯ ಟೆಲಿವಿಷನ್ನಿನವರೆಂದು ಹೇಳಿಕೊಂಡು ಸ್ಥಿತಿವಂತರ ಮನೆಯೊಂದನ್ನು ಹೊಕ್ಕಾಗ, ಮನೆಯಾಕೆ ಮಾತಾಡುತ್ತಿರುವಂತೆಯೇ ಮ್ಯುಲರನ ಕ್ಯಾಮರಾ ಮೆಲ್ಲಗೆ ಸರಿದು ಆ ಕೋಣೆಯ ಅಲಂಕಾರದ ವಸ್ತುಗಳನ್ನು ಒಂದೊಂದಾಗಿ ನೋಡಿ ಬರುತ್ತದೆ. ಆಕೆ ಹೇಳದ ಮಾತನ್ನೆಲ್ಲ ಆ ವಸ್ತುಗಳು ಹೇಳಿಬಿಡುತ್ತವೆ. ಆ ಚುನಾವಣೆಯಲ್ಲಿ ಅಲೆಂಡೆಯವರನ್ನು ಪದಚ್ಯುತಗೊಳಿಸಲು ಬೇಕಾದ ಮೂರನೆಯ ಎರಡು ಪಾಲು ಸ್ಥಾನ ವಿರೋಧಿಗಳಿಗೆ ಸಿಕ್ಕಲಿಲ್ಲ. ಸರಕಾರದ ಪಕ್ಷಗಳ ಮತ ನೂರಕ್ಕೆ ಸುಮಾರು ೪೪ಕ್ಕೆ ಏರಿತು. ಮತಪೆಟ್ಟಿಗೆಯಿಂದ ಆಗದುದನ್ನು ಬೇರೆ ದಾರಿಯಿಂದ ಮಾಡುವ ಮಾತು ಅಲ್ಲಿಂದ ಮುಂದೆ ಬಹಿರಂಗವಾಯಿತು.

ಜೂನ್ ೨೯ರಂದು ಸೇನೆಯ ಒಂದು ತುಕಡಿ ಟ್ಯಾಂಕುಗಳೊಡನೆ ಅಧ್ಯಕ್ಷರ ಅರಮನೆಯ ಮೇಲೆ ಬಿತ್ತು. ಆ ದಂಗೆ ಅಂದೇ ಅಡಗಿತು. ಆದರೆ ಸ್ವೀಡನ್ನಿನ ಟೆಲಿವಿಷನ್ನಿಗಾಗಿ ದುಡಿಯುತ್ತಿದ್ದ ಆರ್ಜೆಂಟೀನಾದ ಛಾಯಾಗ್ರಾಹಕ ಲಿಯೊನಾರ್ದೊ ಹೆನ್ರಿಕ್ಸೆನ್ ಬೀದಿಯಲ್ಲಿ ನಿಂತು ಚಿತ್ರ ತೆಗೆಯುತ್ತಿದ್ದಾಗ, ಒಬ್ಬ ಸೈನಿಕ ಕ್ಯಾಮರಾಕ್ಕೆ ಗುರಿಯಿಟ್ಟು ಗುಂಡು ಹಾರಿಸಿದ. ತನ್ನನ್ನು ಕೊಲ್ಲುವವನ ಮುಖವನ್ನು ಆ ಮನುಷ್ಯ ಹಿಡಿದಿಟ್ಟ. ಚಿತ್ರ ಓಲಾಡಿ, ಕೆಳಕ್ಕೆ ಕುಸಿದು, ನಿಂತುಹೋಗುತ್ತದೆ. ಆ ತುಣುಕಿನಿಂದಲೇ ಗುಸ್ಮಾನ್ ಮೊದಲ ಭಾಗವನ್ನು ಮುಗಿಸಿದ್ದಾರೆ. ದೀಪ ಹತ್ತಿದ ಮೇಲೂ ನಮ್ಮ ಸಾಲಿನಲ್ಲಿ ಯಾರೂ ಏಳಲಿಲ್ಲ.

ಆದರೆ ನಮ್ಮ ಮಟ್ಟಿಗೆ ಇಡೀ ಚಿತ್ರದಲ್ಲಿ ಎಲ್ಲಕ್ಕಿಂತ ಭಯ ಹುಟ್ಟಿಸಿದ್ದು ಒಂದು ಶವಸಂಸ್ಕಾರದ ಪ್ರಸಂಗ. ಜುಲೈ ಕೊನೆಯಲ್ಲಿ ಅಲೆಂಡೆಯವರ ನೌಕಾಸಹಾಯಕರಾಗಿದ್ದ ಕ್ಯಾಪ್ಟನ್ ಆರಾಯಾ ಎಂಬವರ ಕೊಲೆಯಾಯಿತು. ಅಂತ್ಯಕ್ರಿಯೆಗೆ ನೆರೆದ ಸೇನಾಧಿಕಾರಿಗಳ ನಡುವೆ ಕ್ಯಾಮರಾ ಸುಮ್ಮನೆ ಮುಖದಿಂದ ಮುಖಕ್ಕೆ ಹೋಗುತ್ತದೆ. ಯಾರೂ ಕೆಟ್ಟದ್ದೇನೂ ಮಾಡುತ್ತಿಲ್ಲ. ಬಿಳಿಯ ಕೈಗವಸು, ಪದಕಗಳು, ಪಿಸುಮಾತು, ಒಂದು ತಲೆದೂಗು. ಮುಂದೇನಾಯಿತೆಂದು ತಿಳಿದು ನೋಡುವ ನಮಗೆ ಆ ಒಂದೊಂದು ಮುಖವೂ ಬೀಗ ಹಾಕಿದ ಬಾಗಿಲಿನಂತೆ ಕಾಣುತ್ತದೆ.

ಮುಂದೆ ಆದದ್ದು ಜಗತ್ತಿಗೆ ತಿಳಿದದ್ದೇ. ೧೯೭೩ರ ಸೆಪ್ಟೆಂಬರ್ ೧೧ರಂದು ಸೇನೆ ಎದ್ದಿತು. ವಿಮಾನಗಳು ಸ್ವಂತ ದೇಶದ ಅಧ್ಯಕ್ಷರ ಅರಮನೆಯ ಮೇಲೆಯೇ ಬಾಂಬು ಹಾಕಿದವು. ಅಲೆಂಡೆಯವರು ಶರಣಾಗದೆ ಒಳಗೇ ಆತ್ಮಹತ್ಯೆ ಮಾಡಿಕೊಂಡರು. ೨೦೧೧ರಲ್ಲಿ ಶವವನ್ನು ಹೊರತೆಗೆದು ಪರೀಕ್ಷಿಸಿದಾಗ ಅದು ಖಚಿತವಾಯಿತು. ದಂಗೆಯ ಮುಂದಾಳು ಜನರಲ್ ಪಿನೋಚೆ. ಆತನನ್ನು ಭೂಸೇನೆಯ ಮುಖ್ಯಸ್ಥನನ್ನಾಗಿ ಸ್ವತಃ ಅಲೆಂಡೆಯವರೇ ನೇಮಿಸಿ ಆಗ ೧೯ ದಿನಗಳಾಗಿದ್ದವು.

ಗುಸ್ಮಾನ್ ಅವರನ್ನು ಸೈನಿಕರು ಹಿಡಿದು ಸಾಂತಿಯಾಗೊದ ರಾಷ್ಟ್ರೀಯ ಕ್ರೀಡಾಂಗಣಕ್ಕೆ ಒಯ್ದರು. ಕಾಲ್ಚೆಂಡಿನ ಆಟಕ್ಕೆ ಕಟ್ಟಿದ ಆ ಸ್ಥಳ ಸಾವಿರಾರು ಬಂದಿಗಳ ದೊಡ್ಡಿಯಾಗಿತ್ತು. ಕೊಲ್ಲುವೆವೆಂದು ಬೆದರಿಸುತ್ತ ೧೫ ದಿನ ಇಟ್ಟುಕೊಂಡು ಬಿಟ್ಟರು. ಫಿಲ್ಮು ಎಲ್ಲಿದೆಯೆಂಬುದು ಅವರಿಗೆ ಗೊತ್ತಾಗಲಿಲ್ಲ. ತೆಗೆದ ಸುರುಳಿಗಳನ್ನು ತಂಡದವರು ಆಗಲೇ ಗುಸ್ಮಾನ್ ಅವರ ಮಾವನಾದ ಇಗ್ನಾಸಿಯೊ ಎಂಬ ವೃದ್ಧರ ಮನೆಯಲ್ಲಿ ಅಡಗಿಸಿ ಇಟ್ಟಿದ್ದರು. ಅವು ಸಿಕ್ಕಿದ್ದರೆ ಮನೆಯವರ ಗತಿಯೇನಾಗುತ್ತಿತ್ತೆಂದು ಹೇಳಬೇಕಾಗಿಲ್ಲ. ಅಲ್ಲಿಂದ ಸುರುಳಿಗಳು ಸ್ವೀಡನ್ನಿನ ರಾಯಭಾರ ಕಚೇರಿಯನ್ನು ಸೇರಿದವು. ಅಲ್ಲಿನ ರಾಯಭಾರಿ ಹಾರಾಲ್ಡ್ ಎಡೆಲ್‌ಸ್ಟಾಮ್ ಆ ದಿನಗಳಲ್ಲಿ ನೂರಾರು ಜನರ ಪ್ರಾಣ ಉಳಿಸಿದವರು. ಅದೇ ಕಾರಣಕ್ಕೆ ಡಿಸೆಂಬರದಲ್ಲಿ ಅವರನ್ನು ಚಿಲಿಯಿಂದ ಹೊರಗಟ್ಟಲಾಯಿತು. ವಾಲ್ಪರೈಸೊ ಬಂದರಿನಿಂದ ಹಡಗು ಹತ್ತಿ ಸುರುಳಿಗಳು ಸ್ಟಾಕ್‌ಹೋಮಿಗೆ ಹೋದವು. ಗುಸ್ಮಾನ್ ತಾವೂ ದೇಶ ಬಿಟ್ಟು ಅಲ್ಲಿಗೆ ಹೋಗಿ ಅವುಗಳನ್ನು ಕಂಡರು. ನಾವು ಮುಂಬಯಿಗೆ ಬಂದಾಗ ಒಂದು ಟ್ರಂಕು, ಒಂದು ಹಾಸಿಗೆ ತಂದಿದ್ದೆವು. ಅವರ ಸಾಮಾನು ಇಷ್ಟು.

ಹೋರ್ಹೆ ಮ್ಯುಲರ್ ದೇಶ ಬಿಡಲಿಲ್ಲ. ೧೯೭೪ರ ನವೆಂಬರ್ ೨೮ರಂದು ಸಾಂತಿಯಾಗೊದಲ್ಲಿ ಒಂದು ಹೊಸ ಚಿತ್ರದ ಮೊದಲ ಪ್ರದರ್ಶನವಿತ್ತು. ಮರುದಿನ ಬೆಳಗ್ಗೆ ಆತನನ್ನೂ ಆತನ ಗೆಳತಿಯಾದ ನಟಿ ಕಾರ್ಮೆನ್ ಬುವೆನೊ ಅವರನ್ನೂ ಪಿನೋಚೆಯ ಗುಪ್ತ ಪೋಲೀಸರು ಬೀದಿಯಲ್ಲಿ ಹಿಡಿದರು. ಇಬ್ಬರೂ ಮತ್ತೆ ಕಾಣಲಿಲ್ಲ. 'ಚಿಲಿಯ ಸಮರ'ವನ್ನು ಗುಸ್ಮಾನ್ ಆತನಿಗೆ ಅರ್ಪಿಸಿದ್ದಾರೆ. ಆ ಚಿತ್ರದಲ್ಲಿ ಸಾಮಾನು ಹೇರಿದ ಕೈಗಾಡಿಯನ್ನು ಎಳೆದುಕೊಂಡು ಓಡುವ ಒಬ್ಬ ಕೂಲಿಯ ಹಿಂದೆಯೇ ಕ್ಯಾಮರಾ ಬಹಳ ಹೊತ್ತು ಹೋಗುತ್ತದೆ. ಯಾವ ಘೋಷಣೆಯೂ ಇಲ್ಲ, ಭಾಷಣವೂ ಇಲ್ಲ. ದಿನಕ್ಕೆ ಆರು ನಿಮಿಷದ ಲೆಕ್ಕದಲ್ಲಿ ಆ ಕೂಲಿಗಾಗಿ ಅಷ್ಟು ಅಡಿ ಫಿಲ್ಮು ಖರ್ಚು ಮಾಡಿದ ತರುಣ ಎಂಥವನಿದ್ದಿರಬೇಕೆಂದು ನಾವು ಹಲವು ಸಲ ಯೋಚಿಸಿದ್ದೇವೆ.

ಸುರುಳಿಗಳ ಜೋಡಣೆ ಕ್ಯೂಬಾದ ಹವಾನಾದಲ್ಲಿ ನಡೆಯಿತು. ಸಂಕಲನಕಾರರು ಪೆದ್ರೊ ಚಾಸ್ಕೆಲ್. ಮೂರು ಭಾಗಗಳು ೧೯೭೫, ೧೯೭೬ ಮತ್ತು ೧೯೭೯ರಲ್ಲಿ ಸಿದ್ಧವಾದವು. ಎಲ್ಲ ಸೇರಿ ಸುಮಾರು ನಾಲ್ಕೂವರೆ ಗಂಟೆ. ಮೊದಲ ಭಾಗ ಕಾನ್ ಚಿತ್ರೋತ್ಸವದಲ್ಲಿ ತೋರಿಸಲ್ಪಟ್ಟ ಮೇಲೆ ಅದು ದೇಶದೇಶ ಸುತ್ತಿತು, ಚಿಲಿಯೊಂದನ್ನು ಬಿಟ್ಟು.

ಈ ಚಿತ್ರ ಪಕ್ಷಪಾತದ್ದೆಂಬ ಆಕ್ಷೇಪ ಉಂಟು. ಅದು ನಿಜವೇ. ಗುಸ್ಮಾನ್ ಅಲೆಂಡೆಯವರ ಕಡೆಯವರು. ಅದನ್ನು ಅವರು ಮುಚ್ಚಿಟ್ಟಿಲ್ಲ. ಅಂಗಡಿಯಲ್ಲಿ ಸಕ್ಕರೆ ಸಿಕ್ಕದೆ ಸಾಲಿನಲ್ಲಿ ನಿಂತ ಮಧ್ಯಮ ವರ್ಗದವರ ಸಂಕಟ, ಸರಕಾರವೇ ಮಾಡಿಕೊಂಡ ತಪ್ಪು, ಮಿತಿಯಿಲ್ಲದೆ ಅಚ್ಚು ಹಾಕಿದ ನೋಟು, ಇವುಗಳಿಗೆ ಚಿತ್ರದಲ್ಲಿ ಸಲ್ಲಬೇಕಾದಷ್ಟು ಜಾಗ ಸಂದಿಲ್ಲವೆಂಬುದು ಬ್ಯಾಂಕಿನವರಾದ ನಮ್ಮ ಅಭಿಪ್ರಾಯ. ಆದರೂ ಎದುರು ಪಕ್ಷದವರನ್ನು ಅವರು ಮಾತಾಡಲು ಬಿಟ್ಟಿದ್ದಾರೆ, ಬಹಳ ಹೊತ್ತು ಬಿಟ್ಟಿದ್ದಾರೆ. ಕಾರ್ಖಾನೆಯ ಸಭೆಗಳಲ್ಲಿ ತಮ್ಮ ಕಡೆಯವರೇ ಒಬ್ಬರಿಗೊಬ್ಬರು ಹೊಂದದೆ ಜಗಳವಾಡುವುದನ್ನೂ ಕತ್ತರಿಸಿ ತೆಗೆದಿಲ್ಲ.

ಅನಂತರದ ಹದಿನೈದು ವರ್ಷಗಳು ಅವರಿಗೆ ಸುಖದವಾಗಿರಲಿಲ್ಲ. ಕ್ಯೂಬಾ, ಸ್ಪೇನ್, ಫ್ರಾನ್ಸ್ ಎಂದು ಅಲೆದರು. ಒಂದು ಕಥಾಚಿತ್ರವನ್ನು ತೆಗೆದರು. ಅದು ಹೆಸರು ತರಲಿಲ್ಲ. ೧೯೮೭ರಲ್ಲಿ, ಚಿಲಿಯ ಕ್ರೈಸ್ತ ಪಾದ್ರಿಗಳು ಬಂದಿಗಳ ಪರವಾಗಿ ನಿಂತುದನ್ನು ಕುರಿತು 'ದೇವರ ಹೆಸರಿನಲ್ಲಿ' ಎಂಬ ಚಿತ್ರ ಬಂತು. ೧೯೮೮ರ ಅಕ್ಟೋಬರದ ಜನಮತಗಣನೆಯಲ್ಲಿ ಪಿನೋಚೆಗೆ ಜನ ಬೇಡವೆಂದರು. ೧೯೯೦ರ ಮಾರ್ಚಿನಲ್ಲಿ ಆತ ಅಧ್ಯಕ್ಷಪದವಿಯಿಂದ ಇಳಿದ; ಆದರೆ ಭೂಸೇನೆಯ ಮುಖ್ಯಸ್ಥನಾಗಿ ಇನ್ನೂ ಎಂಟು ವರ್ಷ ಉಳಿದ.

ಅಂಥ ಚಿಲಿಗೆ ಗುಸ್ಮಾನ್ ತಮ್ಮ ಹಳೆಯ ಚಿತ್ರವನ್ನು ಕೈಯಲ್ಲಿ ಹಿಡಿದು ಬಂದರು. ಆ ಭೇಟಿಯಿಂದ ಹುಟ್ಟಿದ್ದು ೧೯೯೭ರ 'ಚಿಲಿ, ಹಟಮಾರಿ ನೆನಪು'. ನಮ್ಮನ್ನು ಕೇಳಿದರೆ, ಅವರ ಚಿತ್ರಗಳಲ್ಲಿ ಒಂದನ್ನೇ ನೋಡಲು ಬಿಡುವಿರುವವರು ಇದನ್ನು ನೋಡಬೇಕು. ಒಂದು ಗಂಟೆಯಲ್ಲಿ ಮುಗಿಯುತ್ತದೆ. ದಂಗೆಯ ವೇಳೆಗೆ ಹುಟ್ಟಿಯೂ ಇರದ ಅಥವಾ ಕೂಸಾಗಿದ್ದ ವಿದ್ಯಾರ್ಥಿಗಳಿಗೆ ಅವರು 'ಚಿಲಿಯ ಸಮರ'ವನ್ನು ತೋರಿಸುತ್ತಾರೆ. ಅವರಲ್ಲಿ ಕೆಲವರು ಸೇನೆ ದೇಶವನ್ನು ಉಳಿಸಿತೆಂದು ಶಾಲೆಯಲ್ಲಿ ಕಲಿತವರು. ಧೈರ್ಯವಾಗಿ ಹಾಗೆಯೇ ವಾದಿಸುತ್ತಾರೆ. ಚಿತ್ರ ಮುಗಿದ ಮೇಲೆ ಬಹಳ ಹೊತ್ತು ಯಾರೂ ಮಾತಾಡುವುದಿಲ್ಲ. ದೊಡ್ಡ ಹುಡುಗರು ಬಿಕ್ಕಿ ಬಿಕ್ಕಿ ಅಳುತ್ತಾರೆ. ತಮ್ಮ ಮನೆಯಲ್ಲಿಯೇ ತಮಗೆ ಯಾರೂ ಹೇಳದಿದ್ದುದು ಏನೆಂಬುದು ಅವರಿಗೆ ಆಗ ತಿಳಿಯುತ್ತದೆ.

ಇನ್ನೊಂದು ಪ್ರಸಂಗ. ಅಲೆಂಡೆಯವರ ಪಕ್ಷಗಳ ಹಾಡೊಂದು ಸೇನೆಯ ಆಳ್ವಿಕೆಯಲ್ಲಿ ನಿಷಿದ್ಧವಾಗಿತ್ತು. ಗುಸ್ಮಾನ್ ಹುಡುಗ ಹುಡುಗಿಯರ ಒಂದು ವಾದ್ಯವೃಂದವನ್ನು ಕಟ್ಟಿ, ಅದೇ ರಾಗವನ್ನು ನುಡಿಸುತ್ತ ಸಾಂತಿಯಾಗೊದ ಪೇಟೆಬೀದಿಯಲ್ಲಿ ನಡೆಯಿಸುತ್ತಾರೆ. ಸಾಮಾನು ಕೊಳ್ಳಲು ಬಂದ ಜನ ಗಕ್ಕನೆ ನಿಲ್ಲುತ್ತಾರೆ. ಕೆಲವರ ಕಣ್ಣಲ್ಲಿ ನೀರು. ಕೆಲವರ ಮುಖದಲ್ಲಿ ಸಿಟ್ಟು. ಹಲವರು ಏನೂ ಕೇಳಿಸದವರಂತೆ ಹೆಜ್ಜೆ ಚುರುಕುಮಾಡುತ್ತಾರೆ. ಸುರುಳಿಗಳನ್ನು ಕಾಯ್ದ ಇಗ್ನಾಸಿಯೊ ಮಾವ ಈ ಚಿತ್ರದಲ್ಲಿ ಪಿಯಾನೊ ಮುಂದೆ ಕುಳಿತು ಬೇಥೋವನ್ನನ ಕೃತಿಯೊಂದನ್ನು ನುಡಿಸುತ್ತಾರೆ. ಕೈ ನಡುಗುತ್ತದೆ, ಸ್ವರಗಳು ಮರೆತುಹೋಗುತ್ತವೆ, ಮತ್ತೆ ಹುಡುಕಿಕೊಂಡು ಮುಂದುವರಿಯುತ್ತಾರೆ.

ಕಾರ್ಮೆನ್ ವಿವಾಂಕೊ ಎಂಬ ಮುದುಕಿಯ ಸಂಗತಿಯನ್ನಂತೂ ಬಿಡುವಂತಿಲ್ಲ. ಗಂಡ, ಮಗ ಸೇರಿ ಮನೆಯ ಐದು ಮಂದಿಯನ್ನು ಕಳೆದುಕೊಂಡಾಕೆ. ಹಳೆಯ ಚಿತ್ರದ ಮೆರವಣಿಗೆಯೊಂದರಲ್ಲಿ ತಲೆಗೆ ವಸ್ತ್ರ ಕಟ್ಟಿದ ಹೆಂಗಸಿನ ಮುಖವನ್ನು ತೋರಿಸಿ ಇದು ನೀವೇ ಅಲ್ಲವೇ ಎಂದು ಕೇಳಿದರೆ, ಆಕೆ ಕನ್ನಡಕ ಸರಿಮಾಡಿಕೊಂಡು ದಿಟ್ಟಿಸಿ ನೋಡಿ, ತನಗೆ ಸಂಶಯವಿದೆಯೆನ್ನುತ್ತಾಳೆ.

ಸಾಕ್ಷ್ಯಚಿತ್ರವಿಲ್ಲದ ದೇಶವು ಭಾವಚಿತ್ರಗಳ ಆಲ್ಬಮ್ ಇಲ್ಲದ ಮನೆಯಂತೆ ಎಂಬುದು ಗುಸ್ಮಾನ್ ಅವರು ಮತ್ತೆ ಮತ್ತೆ ಆಡುವ ಮಾತು. ಆ ಭಾನುವಾರ ಮನೆಗೆ ಬಂದು ನಾವು ಮಂಚದ ಕೆಳಗಿದ್ದ ತಂದೆಯವರ ಟ್ರಂಕನ್ನು ಎಳೆದು ನೋಡಿದೆವು. ಮದುವೆ, ಮುಂಜಿ, ಗದಗಿನ ಸ್ಟುಡಿಯೊದಲ್ಲಿ ಸಾಲಾಗಿ ನಿಂತು ತೆಗೆಸಿದ್ದು, ಎಲ್ಲ ಸೇರಿ ಅರವತ್ತರ ಮೇಲೆ ಚಿತ್ರಗಳು. ಹಿಂಬದಿಯಲ್ಲಿ ಹೆಸರು ಬರೆದದ್ದು ಹನ್ನೊಂದಕ್ಕೆ ಮಾತ್ರ. ಉಳಿದವರನ್ನು ಗುರುತಿಸಬಲ್ಲವರು ನಮ್ಮ ತಾಯಿಯವರೊಬ್ಬರೇ. ಅವರನ್ನು ಕೂಡಿಸಿಕೊಂಡು ಪೆನ್ಸಿಲಿನಲ್ಲಿ ಬರೆಯುತ್ತ ಹೋದೆವು. ಪಗಡಿ ಸುತ್ತಿದ ಒಬ್ಬ ಹಿರಿಯರ ಬಳಿ ಬಂದಾಗ ಅವರು, "ಇವರು ನಿಮ್ಮ ಅಜ್ಜನ ಕಡೆಯವರ ಪೈಕಿ ಯಾರೋ, ನೆನಪಾಗಲೊಲ್ಲದಪ್ಪಾ" ಎಂದರು. ಆ ಚಿತ್ರದ ಹಿಂಬದಿ ಹಾಗೆಯೇ ಖಾಲಿ ಇದೆ. ಇದು ಮನೆಯ ಮಾತಾಯಿತು, ಓದುಗರು ಕ್ಷಮಿಸಬೇಕು.

೧೯೯೮ರ ಅಕ್ಟೋಬರ್ ೧೬ರಂದು, ಚಿಕಿತ್ಸೆಗೆಂದು ಲಂಡನ್ನಿಗೆ ಹೋಗಿದ್ದ ಪಿನೋಚೆಯನ್ನು ಸ್ಪೇನಿನ ನ್ಯಾಯಾಧೀಶ ಬಾಲ್ತಸಾರ್ ಗಾರ್ಸೋನ್ ಅವರ ಆಜ್ಞೆಯ ಮೇರೆಗೆ ಬಂಧಿಸಿದರು. ೫೦೩ ದಿನಗಳ ಮೇಲೆ ಅನಾರೋಗ್ಯದ ಕಾರಣದಿಂದ ಬ್ರಿಟಿಷ್ ಸರಕಾರ ಬಿಟ್ಟಿತು. ೨೦೦೬ರ ಡಿಸೆಂಬರದಲ್ಲಿ, ಯಾವ ಶಿಕ್ಷೆಯೂ ಆಗದೆ ಆತ ತೀರಿಕೊಂಡ. ಈ ವಿಚಾರಣೆಯನ್ನು ಕುರಿತ ಗುಸ್ಮಾನ್ ಅವರ ಚಿತ್ರ ೨೦೦೧ರಲ್ಲಿಯೂ, 'ಸಾಲ್ವದೋರ್ ಅಲೆಂಡೆ' ೨೦೦೪ರಲ್ಲಿಯೂ ಬಂದವು. ಎರಡನೆಯದರಲ್ಲಿ ಭಕ್ತಿ ಹೆಚ್ಚು, ಪ್ರಶ್ನೆ ಕಡಮೆ. ಅಲೆಂಡೆಯವರ ಒಡೆದ ಕನ್ನಡಕವನ್ನು ತೋರಿಸುವ ಆರಂಭ ಮಾತ್ರ ಮನಸ್ಸಿನಲ್ಲಿ ಉಳಿಯುತ್ತದೆ.

ಅರುವತ್ತೊಂಬತ್ತನೆಯ ವಯಸ್ಸಿನಲ್ಲಿ ಅವರು ಹೊಸದೊಂದು ದಾರಿ ಹಿಡಿದರು. ೨೦೧೦ರ 'ಬೆಳಕಿನ ಹಂಬಲ' ನಡೆಯುವುದು ಚಿಲಿಯ ಉತ್ತರದ ಅಟಕಾಮಾ ಮರುಭೂಮಿಯಲ್ಲಿ. ಜಗತ್ತಿನ ಅತ್ಯಂತ ಒಣ ಪ್ರದೇಶಗಳಲ್ಲಿ ಅದೊಂದು. ಗಾಳಿಯಲ್ಲಿ ತೇವವಿಲ್ಲದ್ದರಿಂದ ಆಕಾಶ ಬಹಳ ನಿರ್ಮಲ. ಆದುದರಿಂದ ಜಗತ್ತಿನ ದೊಡ್ಡ ದೊಡ್ಡ ದೂರದರ್ಶಕಗಳು ಅಲ್ಲಿವೆ. ತೇವವಿಲ್ಲದ್ದರಿಂದಲೇ ಮಣ್ಣಿನಲ್ಲಿ ಹೂತದ್ದು ಕೊಳೆಯುವುದೂ ಇಲ್ಲ. ೧೯೭೩ರ ಅಕ್ಟೋಬರದಲ್ಲಿ ಕಲಾಮಾ ಎಂಬ ಊರಿನ ೨೬ ಮಂದಿಯನ್ನು ಸೈನಿಕರು ಕೊಂದು ಆ ಮರಳಿನಲ್ಲಿ ಹೂತರು. ಮುಂದೆ ಗುಟ್ಟು ಬಯಲಾದೀತೆಂಬ ಭಯದಿಂದ ಯಂತ್ರ ತಂದು ಅಗೆದು ಬೇರೆ ಕಡೆ ಸಾಗಿಸಿದರು. ಅಗೆಯುವಾಗ ಚೂರುಗಳು ಉದುರಿದವು. ಸತ್ತವರ ಹೆಂಡಿರು, ಅಕ್ಕತಂಗಿಯರು ಸಲಿಕೆ ಹಿಡಿದು ೨೮ ವರ್ಷ ಆ ಮರುಭೂಮಿಯನ್ನು ಕೆದಕಿದರು. ಕೆಲವರು ಅದಾದ ಮೇಲೂ ಬಿಡಲಿಲ್ಲ. ತಮ್ಮನ ಒಂದು ಪಾದ ಮಾತ್ರ, ಬೂಟಿನೊಳಗೆ ಇದ್ದ ಹಾಗೆಯೇ, ಸಿಕ್ಕಿತೆಂದು ಹೇಳುವ ಅಕ್ಕನೊಬ್ಬಳು ಚಿತ್ರದಲ್ಲಿದ್ದಾಳೆ. ಆಕಾಶ ನೋಡುವ ಆ ದೊಡ್ಡ ಕೊಳವೆಗಳನ್ನು ಒಂದು ಸಲ ನೆಲದ ಕಡೆಗೆ ತಿರುಗಿಸಿ ಒಳಗೇನಿದೆಯೆಂದು ನೋಡುವಂತಿದ್ದರೆ ಎಷ್ಟು ಚೆನ್ನಾಗಿತ್ತು ಎಂದು ಇನ್ನೊಬ್ಬಳು ಹೇಳಿ ನಗುತ್ತಾಳೆ.

ಇದೇ ಚಿತ್ರದಲ್ಲಿ ಮಿಗೆಲ್ ಲಾನರ್ ಎಂಬ ವಾಸ್ತುಶಿಲ್ಪಿ ಬರುತ್ತಾರೆ. ಬಂದಿಯಾಗಿದ್ದಾಗ ಶಿಬಿರದ ಕೋಣೆಗಳನ್ನು ಹೆಜ್ಜೆಯಿಂದ ಅಳೆದು, ರಾತ್ರಿ ನಕಾಶೆ ಬರೆದು ಬಾಯಿಪಾಠ ಮಾಡಿಕೊಂಡು, ಬೆಳಗಾಗುವ ಮೊದಲೇ ಅದನ್ನು ಹರಿದು ಎಸೆಯುತ್ತಿದ್ದವರು. ಬಿಡುಗಡೆಯಾಗಿ ಪರದೇಶಕ್ಕೆ ಹೋದೊಡನೆ ಎಲ್ಲವನ್ನೂ ಅಳತೆ ತಪ್ಪದಂತೆ ಮತ್ತೆ ಬರೆದರು. ಅಂಥ ಶಿಬಿರಗಳೇ ಇರಲಿಲ್ಲವೆಂದು ಹೇಳಲು ಯಾರಿಗೂ ಆಗಲಿಲ್ಲ. ಅವರ ಪತ್ನಿಗೆ ಮರೆವಿನ ರೋಗ. ಇಬ್ಬರೂ ಕೈ ಹಿಡಿದು ನಡೆಯುವುದನ್ನು ಗುಸ್ಮಾನ್ ದೂರದಿಂದ ತೋರಿಸುತ್ತಾರೆ.

೨೦೧೫ರ 'ಮುತ್ತಿನ ಚಿಪ್ಪಿನ ಗುಂಡಿ' ದಕ್ಷಿಣದ ಸಮುದ್ರದ ಕಥೆ. ಬರ್ಲಿನ್ ಚಿತ್ರೋತ್ಸವದಲ್ಲಿ ಚಿತ್ರಕಥೆಗಾಗಿ ಬೆಳ್ಳಿಯ ಕರಡಿ ಪಡೆಯಿತು. ಬಂದಿಗಳ ಶವಗಳಿಗೆ ರೈಲುಕಂಬಿ ಕಟ್ಟಿ ಹೆಲಿಕಾಪ್ಟರಿನಿಂದ ಸಮುದ್ರಕ್ಕೆ ಎಸೆದಿದ್ದರು. ದಶಕಗಳ ಮೇಲೆ ತುಕ್ಕು ಹಿಡಿದ ಕಂಬಿಗಳನ್ನು ಮೇಲೆತ್ತಿದಾಗ ಒಂದರ ಮೇಲೆ ಅಂಟಿಕೊಂಡಿದ್ದುದು ಅಂಗಿಯ ಒಂದು ಗುಂಡಿ. ೨೦೧೯ರಲ್ಲಿ ಬಂದ 'ಕನಸುಗಳ ಪರ್ವತಮಾಲೆ'ಯಲ್ಲಿ ತಾವು ಹುಟ್ಟಿ ಬೆಳೆದ ಮನೆಯನ್ನು ನೋಡಲು ಹೋಗುತ್ತಾರೆ. ಬೀದಿಯಿಂದ ನೋಡಿದರೆ ಮುಂಗೋಡೆ ಮೊದಲಿನಂತೆಯೇ ಇದೆ. ಕ್ಯಾಮರಾ ಮೇಲಕ್ಕೆ ಏರಿದಾಗ ಮಾಡಿಲ್ಲ, ಒಳಗೋಡೆಗಳಿಲ್ಲ, ಹುಲ್ಲು ಬೆಳೆದಿದೆ. ಈ ಚಿತ್ರಗಳಲ್ಲೆಲ್ಲ ಹಿನ್ನೆಲೆಯ ಮಾತು ಅವರದೇ ಧ್ವನಿ, ನಿಧಾನ. ಕೆಲವೊಮ್ಮೆ ನಮಗೆ ಅದು ಹೆಚ್ಚಾಯಿತೆನಿಸಿದೆ. ಚಿತ್ರವೇ ಹೇಳುವುದನ್ನು ಮಾತಿನಲ್ಲಿ ಮತ್ತೊಮ್ಮೆ ಹೇಳುತ್ತಾರೆ. ತರುಣ ಗುಸ್ಮಾನ್ ಹಾಗೆ ಮಾಡುತ್ತಿರಲಿಲ್ಲ. ಆತನ ಬಳಿ ಫಿಲ್ಮು ಇದ್ದದ್ದೇ ಇಪ್ಪತ್ತು ಗಂಟೆಯದು.

೨೦೧೯ರ ಅಕ್ಟೋಬರದಲ್ಲಿ ಸಾಂತಿಯಾಗೊದ ಮೆಟ್ರೋ ರೈಲಿನ ದರವನ್ನು ೩೦ ಪೆಸೊ ಏರಿಸಿದುದೇ ನೆವವಾಗಿ ಜನ ಲಕ್ಷಗಟ್ಟಲೆ ಬೀದಿಗೆ ಬಂದರು. ಎಂಬತ್ತರ ಹೊಸ್ತಿಲಲ್ಲಿದ್ದ ಗುಸ್ಮಾನ್ ಮತ್ತೆ ಅಲ್ಲಿಗೆ ಹೋದರು. ೨೦೨೨ರಲ್ಲಿ ಬಂದ 'ನನ್ನ ಕಲ್ಪನೆಯ ದೇಶ'ದಲ್ಲಿ ಮಾತಾಡುವವರೆಲ್ಲ ಹೆಂಗಸರೇ. ತಾಯಂದಿರು, ವಿದ್ಯಾರ್ಥಿನಿಯರು, ಕ್ಯಾಮರಾ ಹಿಡಿದ ಹುಡುಗಿಯರು.

ಮತ್ತು ೨೦೨೧ರ ಸೆಪ್ಟೆಂಬರದಲ್ಲಿ, ದಂಗೆಯಾಗಿ ೪೮ ವರ್ಷಗಳ ಮೇಲೆ, 'ಚಿಲಿಯ ಸಮರ' ಚಿಲಿಯ ಉಚಿತ ಪ್ರಸಾರದ ಟೆಲಿವಿಷನ್ ಪರದೆಯಲ್ಲಿ ಮೊದಲ ಬಾರಿಗೆ ಪ್ರಸಾರವಾಯಿತು. ಲಾ ರೆದ್ ಎಂಬ ವಾಹಿನಿ ಅದನ್ನು ತೋರಿಸಿತು. ೨೦೨೩ರಲ್ಲಿ ಚಿಲಿ ಸರಕಾರ ಗುಸ್ಮಾನ್ ಅವರಿಗೆ ರಾಷ್ಟ್ರೀಯ ಕಲಾಪ್ರಶಸ್ತಿ ಕೊಟ್ಟಿತು. ಹೋರ್ಹೆ ಮ್ಯುಲರ್ ಮತ್ತು ಕಾರ್ಮೆನ್ ಬುವೆನೊ ಬೀದಿಯಲ್ಲಿ ಕಾಣೆಯಾದ ನವೆಂಬರ್ ೨೯ನ್ನು ಆ ದೇಶದಲ್ಲಿ ಚಿಲಿ ಸಿನಿಮಾ ದಿನವೆಂದು ಆಚರಿಸುತ್ತಾರೆ. ನಮ್ಮ ರಾಜ್ಯೋತ್ಸವ ಮುಗಿದು ಅಂದಿಗೆ ಸರಿಯಾಗಿ ನಾಲ್ಕು ವಾರ.